ದಾವೆ ಹಿಂಪಡೆಯುವ ಮೆಮೊಗೆ ಸಹಿ ಹಾಕುವ ಮುನ್ನ

ಮಾನ್ಯ ಸಂಪಾದಕರೇ,

ತಾಲ್ಲೂಕು ಕೋರ್ಟುಗಳಲ್ಲಿ ಎಷ್ಟೋ ಜಮೀನಿನ ದಾವೆಗಳು ತೀರ್ಪಿನ ತನಕ ಹೋಗುವುದೇ ಇಲ್ಲ. ‘ವಾದಿಯು ಈ ದಾವೆಯನ್ನು ಮುಂದುವರಿಸಲು ಇಚ್ಛಿಸುವುದಿಲ್ಲ, ಹಿಂಪಡೆಯಲು ಅನುಮತಿಸಬೇಕಾಗಿ ಪ್ರಾರ್ಥನೆ’ ಎಂಬ ಎರಡು ಸಾಲಿನ ಮೆಮೊ ಬರುತ್ತದೆ, ಕೆಳಗೆ ವಾದಿಯ ಸಹಿಯೋ ಹೆಬ್ಬೆಟ್ಟೋ ಬೀಳುತ್ತದೆ, ದಾವೆ ಅಲ್ಲಿಗೆ ಮುಗಿಯುತ್ತದೆ. ವಾದಪತ್ರದಲ್ಲಿ (ದಾವೆಯ ಮೂಲ ಅರ್ಜಿಯಲ್ಲಿ) ತಪ್ಪಿದೆ, ಸರಿಮಾಡಿ ಮತ್ತೆ ಹಾಕೋಣ ಎಂದು ನಂಬಿ ಸಹಿ ಮಾಡಿದವರು ಆರು ತಿಂಗಳ ನಂತರ ಹೊಸ ದಾವೆ ತಂದಾಗ, ಪ್ರತಿವಾದಿಯ ವಕೀಲರು ಹಳೆಯ ಆರ್ಡರ್ ಶೀಟ್ (ಕೋರ್ಟಿನ ಆದೇಶಗಳನ್ನು ಬರೆದಿಡುವ ಹಾಳೆ) ನಕಲನ್ನು ಮುಂದಿಡುತ್ತಾರೆ. ಅದರಲ್ಲಿ ಹೊಸ ದಾವೆಗೆ ಅನುಮತಿ ಎಂಬ ಮಾತೇ ಇರುವುದಿಲ್ಲ. ಇದು ಇಡೀ ರಾಜ್ಯದಲ್ಲಿ ನಡೆಯುತ್ತಿರುವ ಸಂಗತಿ. ಕಾನೂನು ಏನು ಹೇಳುತ್ತದೆ, ಎಲ್ಲಿ ಎಡವುತ್ತೇವೆ ಎಂಬುದು ಕಕ್ಷಿದಾರರಿಗೂ ತಿಳಿದಿರಲಿ ಎಂದು ಈ ಪತ್ರ.

ಸಿವಿಲ್ ಪ್ರಕ್ರಿಯಾ ಸಂಹಿತೆ, 1908ರ ಆದೇಶ 23 (ಇಲ್ಲಿ ‘ಆದೇಶ’ ಅಂದರೆ ಸಂಹಿತೆಯ ಒಂದು ಅಧ್ಯಾಯ), ನಿಯಮ 1 ಎರಡು ಬೇರೆ ಬೇರೆ ಬಾಗಿಲುಗಳನ್ನು ಇಟ್ಟಿದೆ. ಮೊದಲನೆಯದು ಉಪನಿಯಮ (1). ವಾದಿ ಯಾವಾಗ ಬೇಕಾದರೂ ತನ್ನ ದಾವೆಯನ್ನೋ ಅದರ ಒಂದು ಭಾಗವನ್ನೋ ಬಿಟ್ಟುಕೊಡಬಹುದು. ಅದಕ್ಕೆ ಸಾಮಾನ್ಯವಾಗಿ ಯಾರ ಒಪ್ಪಿಗೆಯೂ ಬೇಡ, ಕಾರಣವನ್ನೂ ಹೇಳಬೇಕಾಗಿಲ್ಲ. ಆದರೆ ಈ ಬಾಗಿಲಿನಿಂದ ಹೊರಬಂದವನಿಗೆ ಉಪನಿಯಮ (4) ಕಾದಿರುತ್ತದೆ: ಕೋರ್ಟು ವಿಧಿಸುವ ವೆಚ್ಚ ಕೊಡಬೇಕು, ಅದೇ ವಿಷಯದ ಮೇಲೆ ಮತ್ತೆ ದಾವೆ ಹೂಡುವಂತಿಲ್ಲ. ಎರಡನೆಯದು ಉಪನಿಯಮ (3). ನಮೂನೆಯ ದೋಷದಿಂದ (ತಿರುಳನ್ನು ಮುಟ್ಟದ ತಪ್ಪಿನಿಂದ) ದಾವೆ ಸೋತೇ ಸೋಲುತ್ತದೆ ಎಂದು, ಇಲ್ಲವೇ ಹೊಸ ದಾವೆಗೆ ಬಿಡಲು ಸಾಕಷ್ಟು ಕಾರಣವಿದೆ ಎಂದು ನ್ಯಾಯಾಧೀಶರಿಗೆ ಮನವರಿಕೆಯಾದರೆ, ಹೊಸದಾಗಿ ಹೂಡುವ ಸ್ವಾತಂತ್ರ್ಯ ಕೊಟ್ಟು ಹಿಂಪಡೆಯಲು ಅನುಮತಿಸಬಹುದು. ಈ ಎರಡನೇ ಬಾಗಿಲು ಕೇಳಿದವರಿಗಷ್ಟೇ ತೆರೆಯುತ್ತದೆ, ಅದೂ ಕಾರಣ ತೋರಿಸಿದವರಿಗೆ.

ಹಾಗಾಗಿ ಬೇಕಾದದ್ದು ಮೆಮೊ ಅಲ್ಲ, ಮಧ್ಯಂತರ ಅರ್ಜಿ, ಅಂದರೆ ಐ.ಎ. ಅದರ ಜೊತೆ ವಾದಿಯ ಪ್ರಮಾಣಪತ್ರ ಇರಬೇಕು. ಎದುರು ಪಕ್ಷಕ್ಕೆ ನಕಲು ಕೊಟ್ಟು, ತಕರಾರು ಸಲ್ಲಿಸಲು ಅವಕಾಶ ಬಿಟ್ಟು, ವಾದ ಆಲಿಸಿದ ಮೇಲೆ ಆದೇಶ ಬರುತ್ತದೆ. ಒಂದೆರಡು ವಾಯಿದೆ ಹಿಡಿಯುತ್ತದೆ ನಿಜ. ಆ ವಾಯಿದೆ ಉಳಿಸಲು ಹೋಗಿಯೇ ಮೆಮೊ ಕೊಡುವ ಅಭ್ಯಾಸ ಬೆಳೆದಿರುವುದು.

ಅರ್ಜಿಯ ಪ್ರಾರ್ಥನೆ ಒಂದೇ ವಾಕ್ಯವಾಗಿರಲಿ (ವ್ಯಾಜ್ಯಕಾರಣ ಅಂದರೆ ದಾವೆ ಹೂಡುವ ಹಕ್ಕು ಹುಟ್ಟಿಸಿದ ಘಟನೆ): ‘ಇದೇ ವ್ಯಾಜ್ಯಕಾರಣದ ಮೇಲೆ ಹೊಸ ದಾವೆ ಹೂಡುವ ಸ್ವಾತಂತ್ರ್ಯ ನೀಡಿ, ಈ ದಾವೆಯನ್ನು ಹಿಂಪಡೆಯಲು ಅನುಮತಿಸಬೇಕು.’ ಅದರ ಕೆಳಗೆ ಇನ್ನೊಂದು ಸಾಲು ಸೇರಿಸುವುದು ಒಳ್ಳೆಯದು: ‘ಸ್ವಾತಂತ್ರ್ಯ ನೀಡಲು ನ್ಯಾಯಾಲಯ ಒಪ್ಪದಿದ್ದಲ್ಲಿ, ದಾವೆಯನ್ನು ಹಿಂಪಡೆದಿಲ್ಲವೆಂದೇ ಪರಿಗಣಿಸಿ ಮುಂದುವರಿಸಬೇಕು.’ ಇಂಥ ಅರ್ಜಿಯನ್ನು ತುಂಡು ಮಾಡಬಾರದು, ಸ್ವಾತಂತ್ರ್ಯ ನಿರಾಕರಿಸಿ ಹಿಂಪಡೆಯುವುದನ್ನು ಮಾತ್ರ ಒಪ್ಪಿಕೊಳ್ಳಬಾರದು ಎಂಬುದು ಹಲವು ಹೈಕೋರ್ಟುಗಳ ನಿಲುವು. ಆದರೂ ವಿಚಾರಣಾ ಕೋರ್ಟಿನ ದಿನದ ಗಡಿಬಿಡಿಯಲ್ಲಿ ಇದು ತಪ್ಪಿಹೋಗುತ್ತದೆ. ಬರೆದಿಟ್ಟರೆ ತಪ್ಪುವುದಿಲ್ಲ.

ಇನ್ನು ಪ್ರಮಾಣಪತ್ರ. ‘ಕೆಲವು ತಾಂತ್ರಿಕ ಕಾರಣಗಳಿಂದಾಗಿ ದಾವೆ ಹಿಂಪಡೆಯಲು ಇಚ್ಛಿಸಿರುತ್ತೇನೆ’ ಎಂದು ಬರೆದ ಪ್ರಮಾಣಪತ್ರಗಳೇ ಹೆಚ್ಚು. ಇದರಿಂದ ನ್ಯಾಯಾಧೀಶರಿಗೆ ಏನೂ ತಿಳಿಯುವುದಿಲ್ಲ. ಹೀಗೆ ಬರೆದರೆ ತಿಳಿಯುತ್ತದೆ: ‘ವಾದಪತ್ರದ ಷೆಡ್ಯೂಲ್‌ನಲ್ಲಿ (ಸ್ವತ್ತಿನ ವಿವರದಲ್ಲಿ) ಸರ್ವೆ ನಂ. 47/2 ಎಂದಿದೆ. ಪೋಡಿಯಾದ (ಸರ್ವೆ ನಂಬರ್ ವಿಭಜನೆಯಾದ) ಮೇಲೆ ವಾದಿಯ ಸ್ವಾಧೀನದ 1 ಎಕರೆ 12 ಗುಂಟೆ 47/5ಕ್ಕೆ ಹೋಗಿದೆ. ಪೂರ್ವದ ಚಕ್ಕುಬಂದಿ ಹಳ್ಳ ಎಂದಿದೆ, ಜಾಗದಲ್ಲಿರುವುದು ಬಂಡಿದಾರಿ. ಈ ಷೆಡ್ಯೂಲ್ ಮೇಲೆ ಡಿಕ್ರಿ ಬಂದರೂ ಜಾರಿ ಮಾಡಲಾಗದು.’ ದೋಷ ಯಾವುದು, ಯಾವಾಗ ಗಮನಕ್ಕೆ ಬಂತು, ತಿದ್ದುಪಡಿಯಿಂದ ಯಾಕೆ ಸರಿಹೋಗದು, ಅದು ಉಳಿದರೆ ದಾವೆ ಯಾಕೆ ಬೀಳುತ್ತದೆ ಎಂಬ ನಾಲ್ಕಕ್ಕೂ ಪ್ರಮಾಣಪತ್ರದಲ್ಲಿ ಉತ್ತರವಿರಬೇಕು. ಹೊಸ ಪಹಣಿ, ಹದ್ದುಬಸ್ತು ನಕ್ಷೆ ಲಗತ್ತಿಸಿದರೆ ಇನ್ನೂ ಗಟ್ಟಿ. 2017ರಲ್ಲಿ ವಿ. ರಾಜೇಂದ್ರನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇಂಥದ್ದೇ ಸರ್ವೆ ನಂಬರಿನ ದೋಷವನ್ನು ನಮೂನೆಯ ದೋಷವೆಂದು ಒಪ್ಪಿ, ಹೊಸ ದಾವೆಗೆ ದಾರಿ ಬಿಟ್ಟಿದೆ.

ನಮೂನೆಯ ದೋಷ ಅಂದರೆ ಪ್ರಕರಣದ ತಿರುಳನ್ನು ಮುಟ್ಟದ, ಆದರೆ ದಾವೆಯನ್ನು ಬೀಳಿಸುವ ದೋಷ. ಸರ್ಕಾರದ ಮೇಲೆ ದಾವೆ ಹೂಡುವ ಮುನ್ನ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 80ರಂತೆ ಎರಡು ತಿಂಗಳ ನೋಟಿಸ್ ಕೊಡದಿರುವುದು ಎಲ್ಲರಿಗೂ ಗೊತ್ತಿರುವ ಉದಾಹರಣೆ. ತಹಶೀಲ್ದಾರರನ್ನೋ ಜಿಲ್ಲಾಧಿಕಾರಿಯನ್ನೋ ಪ್ರತಿವಾದಿ ಮಾಡಿ, ನೋಟಿಸ್ ಕೊಡದೆ, ತುರ್ತು ಎಂದು ಕೋರ್ಟಿನ ಅನುಮತಿಯನ್ನೂ ಪಡೆಯದೆ ಹೂಡಿದ ದಾವೆಗಳು ಎಲ್ಲ ಕೋರ್ಟಿನಲ್ಲೂ ಸಿಗುತ್ತವೆ. ನೋಂದಣಿಯಾಗದ ಪಾಲುದಾರಿಕೆ ಸಂಸ್ಥೆ ಬಾಕಿ ವಸೂಲಿಗೆ ಹೂಡಿದ ದಾವೆ ಇನ್ನೊಂದು. ಪಾಲುದಾರಿಕೆ ಕಾಯ್ದೆಯ ಕಲಂ 69 ಅದಕ್ಕೆ ಅಡ್ಡ ಬರುತ್ತದೆ, ದಾವೆ ಹೂಡಿದ ಮೇಲೆ ನೋಂದಣಿ ಮಾಡಿಸಿದರೂ ಹಳೆಯ ದಾವೆ ಉಳಿಯುವುದಿಲ್ಲ. ದಾವೆಯ ಮೌಲ್ಯಮಾಪನದ ತಪ್ಪು, ಬೇಡಬೇಕಾದ ಪರಿಹಾರ ಬೇಡದಿರುವುದು, ಕಕ್ಷಿದಾರರನ್ನು ತಪ್ಪಾಗಿ ಸೇರಿಸಿರುವುದು ಇವೂ ಇದೇ ಸಾಲಿನವು.

ಸಾಕ್ಷಿ ಪಾಟೀಸವಾಲಿನಲ್ಲಿ ಎಡವಿದ, ಮೂಲ ಕ್ರಯಪತ್ರ ತರಲಾಗಲಿಲ್ಲ, ಎದುರಿನವರ ದಾಖಲೆ ಗಟ್ಟಿಯಾಗಿದೆ ಎಂಬುವು ನಮೂನೆಯ ದೋಷಗಳಲ್ಲ. ಸೋಲುವ ಲಕ್ಷಣ ಕಂಡಾಗ ದಾವೆ ವಾಪಸು ತೆಗೆದು, ಕೊರತೆ ತುಂಬಿಕೊಂಡು ಮತ್ತೆ ಬರಲು ಈ ನಿಯಮ ಇಲ್ಲ. 2000ದಲ್ಲಿ ಕೆ.ಎಸ್. ಭೂಪತಿ ಪ್ರಕರಣದಲ್ಲಿ, ಎರಡನೇ ಮೇಲ್ಮನವಿಯ ಹಂತದಲ್ಲಿ ಹೈಕೋರ್ಟ್ ಕೊಟ್ಟಿದ್ದ ಅನುಮತಿಯನ್ನು ಸುಪ್ರೀಂ ಕೋರ್ಟ್ ರದ್ದು ಮಾಡಿತು. ಗೆದ್ದ ಪ್ರತಿವಾದಿಗೆ ಆ ವೇಳೆಗೆ ಒಂದು ಹಕ್ಕು ಬಂದಿರುತ್ತದೆ, ಅದನ್ನು ಸುಮ್ಮನೆ ಅಳಿಸಲಾಗದು. ಇದು ನ್ಯಾಯವೇ. ಪ್ರತಿವಾದಿಯೂ ವರ್ಷಗಟ್ಟಲೆ ಕೋರ್ಟಿಗೆ ಅಲೆದಿರುತ್ತಾನೆ. ಹಾಗಾಗಿ ದೋಷ ಕಂಡ ಕೂಡಲೇ, ಸಾಧ್ಯವಾದರೆ ವಿವಾದಾಂಶಗಳು (ಕೋರ್ಟು ತೀರ್ಮಾನಿಸಬೇಕಾದ ಪ್ರಶ್ನೆಗಳು) ರಚನೆಯಾಗುವ ಮೊದಲೇ ಅರ್ಜಿ ಹಾಕಬೇಕು. ವಾದಿಯ ಪಾಟೀಸವಾಲು ಮುಗಿದ ಮರುವಾರ ಹಾಕಿದ ಅರ್ಜಿಯನ್ನು ಯಾವ ನ್ಯಾಯಾಧೀಶರೂ ಅನುಮಾನದಿಂದಲೇ ನೋಡುತ್ತಾರೆ.

ಹಿಂಪಡೆಯುವುದೇ ಬೇಕೇ ಎಂಬುದನ್ನು ಮೊದಲು ಯೋಚಿಸಬೇಕು. ಕಕ್ಷಿದಾರರೊಬ್ಬರು ಬಿಟ್ಟುಹೋಗಿದ್ದರೆ ಆದೇಶ 1, ನಿಯಮ 10ರಲ್ಲಿ ಸೇರಿಸಬಹುದು. ವಿಭಾಗದ ದಾವೆಯಲ್ಲಿ ಹೆಣ್ಣುಮಕ್ಕಳನ್ನು ಬಿಟ್ಟಿದ್ದರೂ ಇದೇ ದಾರಿ. ಷೆಡ್ಯೂಲ್ ತಪ್ಪಿದ್ದರೆ ಮೊದಲು ಆದೇಶ 6, ನಿಯಮ 17ರ ತಿದ್ದುಪಡಿ ಅರ್ಜಿ ಹಾಕಿ ನೋಡಬಹುದು. ವಿಚಾರಣೆ ಶುರುವಾದ ಮೇಲಾದರೆ, ಎಷ್ಟು ಎಚ್ಚರ ವಹಿಸಿದರೂ ಮೊದಲೇ ಕೇಳಲಾಗಲಿಲ್ಲ ಎಂದು ತೋರಿಸಬೇಕಾಗುತ್ತದೆ. ಕೋರ್ಟಿಗೆ ವ್ಯಾಪ್ತಿಯೇ ಇಲ್ಲ ಎಂದಾದರೆ ಹಿಂಪಡೆಯುವುದಕ್ಕಿಂತ ಆದೇಶ 7, ನಿಯಮ 10ರಂತೆ ವಾದಪತ್ರವನ್ನು ವಾಪಸು ಪಡೆದು ಸರಿಯಾದ ಕೋರ್ಟಿಗೆ ಒಯ್ಯುವುದು ಸುರಕ್ಷಿತ. ಆದೇಶ 7, ನಿಯಮ 11ರಲ್ಲಿ ವಾದಪತ್ರ ತಿರಸ್ಕೃತವಾದರೂ ಹೊಸ ವಾದಪತ್ರಕ್ಕೆ ಅಡ್ಡಿಯಿಲ್ಲ ಎಂದು ನಿಯಮ 13 ಬಾಯಿಬಿಟ್ಟು ಹೇಳುತ್ತದೆ. ತಿರಸ್ಕೃತವಾದ ವಾದಪತ್ರಕ್ಕಿರುವ ಈ ಅನುಕೂಲ, ಅನುಮತಿಯಿಲ್ಲದೆ ಹಿಂಪಡೆದ ದಾವೆಗೆ ಇಲ್ಲ.

ನಾನು ಹೆಚ್ಚು ಒತ್ತಿ ಹೇಳಬೇಕಾದ ಸಂಗತಿ ಕಾಲಮಿತಿಯದು. ‘ಕೋರ್ಟೇ ಹೊಸ ದಾವೆಗೆ ಅನುಮತಿ ಕೊಟ್ಟಿದೆಯಲ್ಲ, ಇನ್ನೇನು ತೊಂದರೆ’ ಎಂದು ಆದೇಶ ಸಿಕ್ಕವರು ನಿರಾಳವಾಗುತ್ತಾರೆ. ಆದೇಶ 23, ನಿಯಮ 2 ಓದಿದರೆ ಆ ನಿರಾಳ ಉಳಿಯುವುದಿಲ್ಲ. ಮೊದಲ ದಾವೆ ಹೂಡಿಯೇ ಇರಲಿಲ್ಲವೇನೋ ಎಂಬಂತೆ ಹೊಸ ದಾವೆಗೆ ಕಾಲಮಿತಿ ಲೆಕ್ಕ ಹಾಕಬೇಕು ಎನ್ನುತ್ತದೆ ಅದು. ಕೋರ್ಟು ಕೊಟ್ಟ ಸ್ವಾತಂತ್ರ್ಯ ಮುಗಿದುಹೋದ ಕಾಲವನ್ನು ಹಿಂದಕ್ಕೆ ತರುವುದಿಲ್ಲ.

ಲೆಕ್ಕ ಹಾಕಿ ನೋಡೋಣ. ಕ್ರಯದ ಕರಾರಿನಲ್ಲಿ ನೋಂದಣಿ ಮಾಡಿಕೊಡಲು 2022ರ ಜೂನ್ 30ರ ಗಡುವು ಇದೆ. ಮಾರಾಟಗಾರ ಮಾಡಿಕೊಡಲಿಲ್ಲ. ಕಾಲಮಿತಿ ಕಾಯ್ದೆ, 1963ರ ಅನುಚ್ಛೇದ 54ರಂತೆ ಮೂರು ವರ್ಷ, ಅಂದರೆ 2025ರ ಜೂನ್ 30ರವರೆಗೆ ದಾವೆ ಹೂಡಬಹುದು. ಕೊಂಡುಕೊಳ್ಳುವವನು 2025ರ ಜನವರಿಯಲ್ಲೇ ಹೂಡಿದ. ಷೆಡ್ಯೂಲ್ ತಪ್ಪಿತ್ತೆಂದು ನವೆಂಬರಿನಲ್ಲಿ ಅನುಮತಿ ಪಡೆದು ಹಿಂಪಡೆದ. ಡಿಸೆಂಬರಿನಲ್ಲಿ ಹೊಸ ದಾವೆ ತಂದರೆ ಅದು ಐದು ತಿಂಗಳು ತಡ. ಆದೇಶ 23ರ ಅನುಮತಿ ಕೈಯಲ್ಲಿದ್ದರೂ ಅದು ಕಾಲಮಿತಿ ಮೀರಿದ ದಾವೆಯೇ. ಇಂಥ ಕಡೆ ಹಿಂಪಡೆಯದೆ, ತಿದ್ದುಪಡಿಗಾಗಿ ಹೈಕೋರ್ಟಿನವರೆಗೆ ಹೋಗುವುದೇ ಲೇಸು.

ಇದಕ್ಕೊಂದು ವಿನಾಯಿತಿ ಇದೆ, ತೀರಾ ಕಿರಿದು. ಕಾಲಮಿತಿ ಕಾಯ್ದೆಯ ಕಲಂ 14(3)ರಂತೆ, ಕೋರ್ಟಿನ ವ್ಯಾಪ್ತಿಯ ದೋಷ ಅಥವಾ ಅದೇ ಬಗೆಯ ಕಾರಣಕ್ಕೆ ಮೊದಲ ದಾವೆ ಸೋಲುವಂತಿತ್ತು ಎಂಬ ನೆಲೆಯಲ್ಲಿ ಅನುಮತಿ ಸಿಕ್ಕಿದ್ದರೆ, ಆ ದಾವೆಯಲ್ಲಿ ಪ್ರಾಮಾಣಿಕವಾಗಿ, ಎಚ್ಚರದಿಂದ ಕಳೆದ ಕಾಲವನ್ನು ಲೆಕ್ಕದಿಂದ ಬಿಡಬಹುದು. ಆದ್ದರಿಂದ ಅನುಮತಿಯ ಕಾರಣ ಆದೇಶದಲ್ಲೇ ಬರೆದಿರಬೇಕು. ‘ಅರ್ಜಿ ಪುರಸ್ಕರಿಸಿದೆ’ ಎಂದಷ್ಟೇ ಇದ್ದರೆ ಕಲಂ 14ರ ಲಾಭ ಕೇಳುವುದು ಕಷ್ಟ. ಕಲಂ 80ರ ನೋಟಿಸ್ ಅವಧಿಗೆ ಬೇರೆ ರಿಯಾಯಿತಿ ಇದೆ, ಕಾಲಮಿತಿ ಕಾಯ್ದೆಯ ಕಲಂ 15(2) ಅದನ್ನು ಕಳೆಯಲು ಬಿಡುತ್ತದೆ.

ನಮ್ಮ ಹಳ್ಳಿಗಳ ದಾವೆಗಳಲ್ಲಿ ಇನ್ನೊಂದು ಬಲೆ ಇದೆ. ಜಮೀನಿಗೆ ಯಾರೋ ಅಡ್ಡಿಪಡಿಸಿದರೆ ಮೊದಲು ಬರೀ ಇಂಜಂಕ್ಷನ್ (ತಡೆಯಾಜ್ಞೆ) ದಾವೆ ಹಾಕುತ್ತಾರೆ. ಪ್ರತಿವಾದಿ ತಕರಾರಿನಲ್ಲಿ ‘ಜಮೀನು ವಾದಿಯದೇ ಅಲ್ಲ, ನನ್ನದು’ ಎನ್ನುತ್ತಾನೆ. ಹಕ್ಕಿನ ಬಗ್ಗೆಯೇ ಗಂಭೀರ ತಕರಾರು ಎದ್ದಾಗ ಬರೀ ಇಂಜಂಕ್ಷನ್ ಸಾಲದು, ಹಕ್ಕು ಘೋಷಣೆಯ ದಾವೆ ಬೇಕು ಎಂದು 2008ರ ಅನಾತುಲ ಸುಧಾಕರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ವಾದಿಯ ಕಡೆಯವರು ನಾಲ್ಕೈದು ವರ್ಷ ಇಂಜಂಕ್ಷನ್ ದಾವೆಯನ್ನೇ ಎಳೆದು, ಆಮೇಲೆ ‘ಸಮಗ್ರ ದಾವೆ ಹಾಕುತ್ತೇವೆ’ ಎಂದು ಹಿಂಪಡೆಯುತ್ತಾರೆ. ಘೋಷಣೆಗೆ ಅನುಚ್ಛೇದ 58ರ ಕಾಲಮಿತಿ ಮೂರೇ ವರ್ಷ, ದಾವೆ ಹೂಡುವ ಹಕ್ಕು ಮೊದಲು ಹುಟ್ಟಿದ ದಿನದಿಂದ. ಹಕ್ಕನ್ನು ಅಲ್ಲಗಳೆದ ಆ ತಕರಾರು ಪತ್ರದ ತಾರೀಖೇ ಗಡಿಯಾರ ಶುರುವಾದ ದಿನ ಎಂದು ಎದುರಿನವರು ವಾದಿಸುತ್ತಾರೆ. ತಕರಾರು ಬಂದ ವಾರವೇ ಘೋಷಣೆಯನ್ನು ಸೇರಿಸುವ ತಿದ್ದುಪಡಿ ಅರ್ಜಿ ಹಾಕಿದ್ದರೆ ಈ ಗೋಜಲೇ ಇರುತ್ತಿರಲಿಲ್ಲ.

ಹಿಂಪಡೆದ ದಿನಕ್ಕೂ ಹೊಸ ದಾವೆಯ ದಿನಕ್ಕೂ ನಡುವಿನ ಅಂತರ ಅಪಾಯದ ಕಾಲ. ಹಳೆಯ ದಾವೆಯಲ್ಲಿದ್ದ ತಾತ್ಕಾಲಿಕ ತಡೆಯಾಜ್ಞೆ ದಾವೆಯ ಜೊತೆಗೇ ಹೋಗುತ್ತದೆ. ವ್ಯಾಜ್ಯ ನಡೆಯುತ್ತಿರುವಾಗ ಆದ ಮಾರಾಟಕ್ಕೆ ಸ್ವತ್ತು ವರ್ಗಾವಣೆ ಕಾಯ್ದೆಯ ಕಲಂ 52ರ ಅಂಕೆ ಇರುತ್ತದೆ. ದಾವೆಯೇ ಇಲ್ಲದ ಹದಿನೈದು ದಿನದಲ್ಲಿ ಪ್ರತಿವಾದಿ ಜಮೀನನ್ನು ಮೂರನೆಯವರಿಗೆ ಬರೆದುಕೊಟ್ಟರೆ, ಆ ಖರೀದಿದಾರನನ್ನು ಹಿಡಿಯುವುದು ಕಷ್ಟ. ಪ್ರತಿವಾದಿ ಸಿವಿಲ್ ಪ್ರಕ್ರಿಯಾ ಸಂಹಿತೆಯ ಕಲಂ 148ಎ ಪ್ರಕಾರ ಕೇವಿಯಟ್ (ತನ್ನನ್ನು ಕೇಳದೆ ಆದೇಶ ಮಾಡಬಾರದೆಂಬ ಮುನ್ನರ್ಜಿ) ಹಾಕಿ ಕೂತರೆ ಹೊಸ ದಾವೆಯಲ್ಲಿ ಏಕಪಕ್ಷೀಯ ತಡೆಯಾಜ್ಞೆಯೂ ಕೂಡಲೇ ಸಿಗದು. ಹಾಗಾಗಿ ಹೊಸ ವಾದಪತ್ರ, ಶುಲ್ಕ, ದಾಖಲೆಗಳು, ತಡೆಯಾಜ್ಞೆ ಅರ್ಜಿ ಎಲ್ಲವೂ ಸಿದ್ಧವಾದ ಮೇಲೆಯೇ ಹಳೆಯದನ್ನು ಹಿಂಪಡೆಯುವ ಅರ್ಜಿ ಒತ್ತಬೇಕು. ಹೊಸ ದಾವೆಗೆ ಹೊಸದಾಗಿಯೇ ಶುಲ್ಕ ಕಟ್ಟಬೇಕು ಎಂಬುದನ್ನೂ ಕಕ್ಷಿದಾರರಿಗೆ ಮೊದಲೇ ಹೇಳಬೇಕು. ಹಳೆಯ ದಾವೆಯಲ್ಲಿ ಹಾಜರುಪಡಿಸಿದ ಮೂಲ ಕ್ರಯಪತ್ರ, ವಿಲ್ ಇದ್ದರೆ ಆದೇಶ 13, ನಿಯಮ 9ರಲ್ಲಿ ವಾಪಸು ಕೇಳಬೇಕು.

ಕೋರ್ಟು ವೆಚ್ಚ ವಿಧಿಸಿದ್ದರೆ ಅದನ್ನು ಮೊದಲು ಸಲ್ಲಿಸಿ, ರಸೀದಿಯನ್ನು ಹೊಸ ವಾದಪತ್ರದ ಜೊತೆ ಇಡಿ. ‘ವೆಚ್ಚ ಪಾವತಿಗೆ ಒಳಪಟ್ಟು’ ಎಂದಿರುವ ಆದೇಶದಲ್ಲಿ, ವೆಚ್ಚ ಕೊಡದೆ ಹೂಡಿದ ದಾವೆ ಮೊದಲ ದಿನದಿಂದಲೇ ತಕರಾರಿಗೆ ಸಿಗುತ್ತದೆ.

ಒಬ್ಬರಿಗಿಂತ ಹೆಚ್ಚು ವಾದಿಗಳಿದ್ದರೆ ಉಪನಿಯಮ (5) ನೆನಪಿರಲಿ. ಅಣ್ಣ ಒಬ್ಬನೇ ಬಂದು ತಮ್ಮಂದಿರ ಒಪ್ಪಿಗೆ ಇಲ್ಲದೆ ದಾವೆ ಹಿಂಪಡೆಯಲಾಗದು. ವಾದಿ ಅಪ್ರಾಪ್ತ ವಯಸ್ಕನಾದರೆ ಬಿಟ್ಟುಕೊಡಲು ಕೋರ್ಟಿನ ಅನುಮತಿ, ಪೋಷಕರ ಪ್ರಮಾಣಪತ್ರ, ಇದು ಮಗುವಿನ ಹಿತಕ್ಕೇ ಎಂಬ ವಕೀಲರ ದೃಢೀಕರಣ ಬೇಕು. ಪ್ರತಿವಾದಿ ಅದೇ ಪ್ರಕರಣದಲ್ಲಿ ವಾದಿಯ ಮೇಲೆ ಪ್ರತಿದಾವೆ ಹೂಡಿದ್ದರೆ, ಆದೇಶ 8, ನಿಯಮ 6ಡಿ ಪ್ರಕಾರ ಅದು ಮುಂದುವರಿಯುತ್ತದೆ. ದಾವೆ ಹಿಂಪಡೆದೆವು, ಇನ್ನು ಕೋರ್ಟಿಗೆ ಹೋಗಬೇಕಿಲ್ಲ ಎಂದು ಮನೆಯಲ್ಲಿ ಕೂತವರ ಮೇಲೆ ಪ್ರತಿದಾವೆಯ ಡಿಕ್ರಿ ಆಗಿಬಿಡಬಹುದು.

ಹೈಕೋರ್ಟಿನ ರಿಟ್ ಅರ್ಜಿಗಳಿಗೂ ಈ ತತ್ವ ಅನ್ವಯಿಸುತ್ತದೆ. 1987ರಲ್ಲಿ ವರದಿಯಾದ ಸರ್ಗುಜಾ ಟ್ರಾನ್ಸ್‌ಪೋರ್ಟ್ ಪ್ರಕರಣದಲ್ಲಿ, ಅನುಮತಿ ಪಡೆಯದೆ ಹಿಂಪಡೆದ ರಿಟ್ ಅರ್ಜಿಯನ್ನು ಅದೇ ವಿಷಯಕ್ಕೆ ಮತ್ತೆ ಸಲ್ಲಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟ್ ಹೇಳಿತು. ಬೆಂಗಳೂರಾಗಲಿ, ಧಾರವಾಡ, ಕಲಬುರಗಿ ಪೀಠಗಳಾಗಲಿ, ನ್ಯಾಯಮೂರ್ತಿಗಳು ಅರ್ಜಿ ವಜಾ ಮಾಡುವ ಸೂಚನೆ ಕೊಟ್ಟಾಗ ‘ಹಿಂಪಡೆಯುತ್ತೇವೆ’ ಎಂದಷ್ಟೇ ಹೇಳಿ ಕೂರಬಾರದು. ಯಾವ ಸ್ವಾತಂತ್ರ್ಯ ಬೇಕೋ ಅದನ್ನು ಬಾಯಿಬಿಟ್ಟು ಕೇಳಿ ಬರೆಸಿಕೊಳ್ಳಬೇಕು.

ಲೋಕ ಅದಾಲತ್ ಹೊತ್ತಿಗೆ ಆಗುವ ತಪ್ಪೊಂದನ್ನು ಬೇರೆಯಾಗಿಯೇ ಹೇಳಬೇಕು. ಊರ ಹಿರಿಯರ ಮುಂದೆ ಬಾಯಿಮಾತಿನ ರಾಜಿಯಾಗಿರುತ್ತದೆ. ‘ಕಕ್ಷಿದಾರರು ಹೊರಗಡೆ ರಾಜಿಯಾಗಿರುವುದರಿಂದ ದಾವೆ ಹಿಂಪಡೆದಿದೆ’ ಎಂದು ಮೆಮೊ ಕೊಡುತ್ತಾರೆ. ಮೂರು ತಿಂಗಳಿಗೆ ಎದುರಿನವರು ಮಾತು ತಪ್ಪಿದರೆ ಜಾರಿ ಮಾಡಲು ಡಿಕ್ರಿ ಇಲ್ಲ, ಹಳೆಯ ದಾವೆಯೂ ಇಲ್ಲ. ರಾಜಿಯಾದರೆ ಶರತ್ತುಗಳನ್ನು ಬರಹದಲ್ಲಿ ಇಳಿಸಿ, ಎರಡೂ ಕಡೆಯವರು ಸಹಿ ಮಾಡಿ, ಆದೇಶ 23, ನಿಯಮ 3ರಂತೆ ರಾಜಿ ಡಿಕ್ರಿ ಮಾಡಿಸಬೇಕು. ಅದಾಲತ್‌ನಲ್ಲಿ ಇತ್ಯರ್ಥವಾದರೆ ಅದರ ಅವಾರ್ಡಿಗೆ ಡಿಕ್ರಿಯ ಬಲವಿದೆ, ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ, 1987ರ ಕಲಂ 21ರಂತೆ ಕಟ್ಟಿದ ಕೋರ್ಟ್ ಶುಲ್ಕವೂ ವಾಪಸು ಬರುತ್ತದೆ. ಇಷ್ಟು ಅನುಕೂಲವಿದ್ದೂ ಬರೀ ಮೆಮೊ ಕೊಟ್ಟು ಕೈತೊಳೆದುಕೊಳ್ಳುವುದು ಕಕ್ಷಿದಾರರಿಗೆ ಮಾಡುವ ದೊಡ್ಡ ಅನ್ಯಾಯ.

ಆದೇಶ ಬಂದ ದಿನ ಆರ್ಡರ್ ಶೀಟನ್ನು ಓದಲೇಬೇಕು. ಅದು ಇಂಗ್ಲಿಷಿನಲ್ಲಿದ್ದರೆ ಹುಡುಕಬೇಕಾದ ಪದ ‘ಲಿಬರ್ಟಿ’. ‘ಡಿಸ್‌ಮಿಸ್ಡ್ ಆ್ಯಸ್ ವಿತ್‌ಡ್ರಾನ್’ ಎಂಬಲ್ಲಿಗೆ ವಾಕ್ಯ ಮುಗಿದಿದ್ದರೆ ಸ್ವಾತಂತ್ರ್ಯ ಸಿಕ್ಕಿಲ್ಲ. ‘ವಿತ್ ಲಿಬರ್ಟಿ ಟು ಫೈಲ್ ಎ ಫ್ರೆಶ್ ಸೂಟ್ ಆನ್ ದ ಸೇಮ್ ಕಾಸ್ ಆಫ್ ಆ್ಯಕ್ಷನ್’ ಎಂದು ಮುಂದುವರಿದಿರಬೇಕು. ‘ಕಾನೂನಿನಲ್ಲಿ ಲಭ್ಯವಿರುವ ಪರಿಹಾರ ಪಡೆಯಬಹುದು’ ಎಂಬಂಥ ಸಾಲು ಕಂಡರೂ ಸಮಾಧಾನಪಡಬೇಡಿ. ಕಾನೂನಿನಲ್ಲಿ ಉಪನಿಯಮ (4)ರ ತಡೆಯೂ ಇದೆ. ಮೆಮೊದಲ್ಲೋ ಅರ್ಜಿಯಲ್ಲೋ ‘ಹಕ್ಕು ಕಾಯ್ದಿರಿಸಿದೆ’ ಎಂದು ವಾದಿ ಬರೆದುಕೊಂಡರೆ ಸಾಲದು, ಅದನ್ನು ಕೋರ್ಟು ತನ್ನ ಆದೇಶದಲ್ಲಿ ಹೇಳಬೇಕು. ಇ-ಕೋರ್ಟ್ಸ್ ಜಾಲತಾಣದಲ್ಲಿ 16 ಅಕ್ಷರ-ಅಂಕಿಗಳ ಸಿಎನ್‌ಆರ್ ಸಂಖ್ಯೆ ಹಾಕಿದರೆ ಪ್ರಕರಣದ ಸ್ಥಿತಿ ಕಾಣುತ್ತದೆ. ಆದರೆ ಹೊಸ ದಾವೆಗೆ ಆದೇಶದ ದೃಢೀಕೃತ ನಕಲು ಬೇಕು, ಅದಕ್ಕೆ ಅದೇ ದಿನ ನಕಲು ವಿಭಾಗದಲ್ಲಿ ಅರ್ಜಿ ಕೊಡುವುದು ಒಳ್ಳೆಯದು.

ಸ್ವಾತಂತ್ರ್ಯದ ಮಾತು ಬಿಟ್ಟುಹೋಗಿದೆ ಎಂದು ತಿಳಿದರೆ ತಡಮಾಡದೆ ಅದೇ ಕೋರ್ಟಿನಲ್ಲಿ ಸಂಹಿತೆಯ ಕಲಂ 151ರಡಿ ಅರ್ಜಿ ಹಾಕಬೇಕು. ಹಿಂಪಡೆಯಲು ಕೊಟ್ಟ ಆದೇಶವನ್ನು ವಾಪಸು ಕರೆಸಿಕೊಳ್ಳುವ ಅಂತರ್ಗತ ಅಧಿಕಾರ ಕೋರ್ಟಿಗೆ ಇದೆ ಎಂದು 2006ರಲ್ಲಿ ಜೆಟ್ ಪ್ಲೈವುಡ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಪ್ಪಿದೆ. ವಾರದೊಳಗೆ ಹಾಕಿದ ಅರ್ಜಿಗೂ, ಪ್ರತಿವಾದಿ ಜಮೀನು ಮಾರಿದ ಮೇಲೆ ಹಾಕಿದ ಅರ್ಜಿಗೂ ಬಹಳ ವ್ಯತ್ಯಾಸವಿದೆ. ಇನ್ನೊಂದು ಆಸರೆ 1970ರ ವಲ್ಲಭದಾಸ್ ಪ್ರಕರಣ. ಉಪನಿಯಮ (4) ತಡೆಯುವುದು ಅದೇ ವಿಷಯದ ದಾವೆಯನ್ನು ಮಾತ್ರ. ಹಿಂಪಡೆದ ಮೇಲೆ ಹೊಸದಾಗಿ ಒತ್ತುವರಿ ನಡೆದಿದ್ದರೆ ಅದು ಬೇರೆಯೇ ವ್ಯಾಜ್ಯಕಾರಣ, ಅದಕ್ಕೆ ಹೊಸ ದಾವೆ ತರಬಹುದು. ಅದು ನಿಜಕ್ಕೂ ಹೊಸ ಘಟನೆಯಾಗಿರಬೇಕು, ಹಳೆಯದಕ್ಕೆ ಹೊಸ ತಾರೀಖು ಅಂಟಿಸಿದ್ದಾಗಿರಬಾರದು.

ತಾಲ್ಲೂಕು ಕಾನೂನು ಸೇವಾ ಸಮಿತಿಗಳಿಗೂ ವಕೀಲರ ಸಂಘಗಳಿಗೂ ನನ್ನದೊಂದು ವಿನಂತಿ. ಆದೇಶ 23, ನಿಯಮ 1(3)ರ ಅರ್ಜಿ ಮತ್ತು ಪ್ರಮಾಣಪತ್ರದ ಒಂದು ಕನ್ನಡ ಮಾದರಿಯನ್ನು ಅಚ್ಚು ಹಾಕಿಸಿ, ಕೋರ್ಟ್ ಆವರಣದ ಫಲಕದಲ್ಲೂ ಲೋಕ ಅದಾಲತ್ ಮೇಜಿನ ಮೇಲೂ ಇಡಲಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ 1987ರ ಕಾಯ್ದೆಯ ಕಲಂ 12ರಂತೆ ಆದಾಯ ನೋಡದೆ ಉಚಿತ ವಕೀಲರು ಸಿಗುತ್ತಾರೆ. ಮೆಮೊಗೆ ಹೆಬ್ಬೆಟ್ಟು ಒತ್ತುವ ಮೊದಲು ಅಂಥ ವಕೀಲರಿಂದ ಆ ಕಾಗದವನ್ನು ಒಮ್ಮೆ ಗಟ್ಟಿಯಾಗಿ ಓದಿಸಿ ಕೇಳುವಷ್ಟು ವ್ಯವಸ್ಥೆ ಪ್ರತಿ ಅದಾಲತ್‌ನಲ್ಲೂ ಆಗಲಿ.

ಇಂತಿ,
ಸಿವಿಲ್ ದಾವೆಗಳನ್ನು ನಡೆಸುವ ವಕೀಲರು,
ಹಾಸನ